ಜಪಾನಿನ ಕುಲುಮೆಯಲ್ಲಿ ಎರಡು ಗಂಟೆ: ಓದುಗರ ಪ್ರಶ್ನೆ, ನಮ್ಮ ಉತ್ತರ

ಜಪಾನ್ ಪ್ರವಾಸದ ನಡುವೆ ಅಲ್ಲಿನ ಸಾಂಪ್ರದಾಯಿಕ ಲೋಹದ ಕೆಲಸವನ್ನು ಕೈಯಾರೆ ಮಾಡಿ ನೋಡುವ ತರಗತಿಗಳ ಬಗ್ಗೆ ಬಂದ ಪ್ರಶ್ನೆಗಳನ್ನು ಈ ಸಲ ಒಟ್ಟಿಗೆ ತೆಗೆದುಕೊಂಡಿದ್ದೇವೆ.

ಪ್ರಶ್ನೆ: ಹತ್ತು ದಿನದ ಪ್ರವಾಸ. ಟೋಕಿಯೊದಲ್ಲಿ ಇಳಿದು, ಕ್ಯೋಟೊ ನೋಡಿ, ಒಸಾಕಾದಿಂದ ವಾಪಸ್. ಲೋಹದ ಕೆಲಸಕ್ಕೆ ಒಂದು ದಿನ ಕೊಡಬಲ್ಲೆ. ಸುತ್ತಿಗೆ ಹಿಡಿದು ಅಭ್ಯಾಸವಿಲ್ಲ. ಯಾವ ಊರು, ಯಾವ ಕೆಲಸ?

ಊರು ಆಮೇಲೆ ಇರಲಿ. ತರಗತಿ ನಡೆಸುವವರನ್ನು ಮೊದಲು ಕೇಳಬೇಕಾದ್ದು ಒಂದೇ: ‘ಇದರಲ್ಲಿ ನನ್ನ ಕೈಯಿಂದ ಆಗುವ ಕೆಲಸ ಯಾವುದು?’ ಎರಡು ಗಂಟೆಯ ತರಗತಿಯಲ್ಲಿ ಮುಕ್ಕಾಲು ಕೆಲಸ ನೀವು ಬರುವ ಮೊದಲೇ ಮುಗಿದಿರುತ್ತದೆ. ಚಾಕುವಿನ ಸಣ್ಣ ತರಗತಿಯಲ್ಲಿ ಅಲಗು ತಯಾರಾಗಿಯೇ ಇರುತ್ತದೆ, ನಿಮಗೆ ಉಳಿಯುವುದು ಮಸೆಯುವುದು ಮತ್ತು ಹಿಡಿ ಕೂರಿಸುವುದು. ತಾಮ್ರದ ಲೋಟದ ತರಗತಿಯಲ್ಲಿ ಲೋಟ ಯಂತ್ರದಲ್ಲಿ ಆಕಾರ ಪಡೆದು ಬಂದಿರುತ್ತದೆ, ನೀವು ಅದರ ಮೈಮೇಲೆ ಸುತ್ತಿಗೆಯ ಗುರುತು ಮೂಡಿಸುತ್ತೀರಿ. ಇದರಲ್ಲಿ ಮೋಸವೇನೂ ಇಲ್ಲ, ಗೊತ್ತಿದ್ದು ಹೋಗಬೇಕು ಅಷ್ಟೆ.

ಶುರುವಿನಿಂದ ಕೊನೆಯವರೆಗೆ ಇಡೀ ಕೆಲಸ ಎರಡು ಗಂಟೆಯೊಳಗೆ ನಿಮ್ಮ ಕೈಯಲ್ಲೇ ನಡೆಯಬೇಕೆಂದರೆ ತವರದ ಎರಕವೇ ಸರಿ. ಶುದ್ಧ ತವರ ಸುಮಾರು 232 ಡಿಗ್ರಿ ಸೆಲ್ಸಿಯಸ್‌ಗೇ ಕರಗುತ್ತದೆ. ತಾಮ್ರಕ್ಕೆ 1085 ಬೇಕು. ಹಾಗಾಗಿ ತವರವನ್ನು ಸಣ್ಣ ಒಲೆಯಲ್ಲಿ ಕರಗಿಸಬಹುದು, ಎರೆದದ್ದು ನಿಮಿಷಗಳಲ್ಲಿ ಗಟ್ಟಿಯಾಗುತ್ತದೆ, ಅದೇ ದಿನ ಬಟ್ಟಲು ಚೀಲಕ್ಕೆ ಸೇರುತ್ತದೆ.

ಇದಕ್ಕೆ ಊರು ತೊಯಾಮಾ ಪ್ರಾಂತ್ಯದ ತಕಾವೊಕಾ. 1611ರಲ್ಲಿ ಆ ಸೀಮೆಯ ಪ್ರಭು ಮನೆತನದ ಮಾಯೆದಾ ತೊಶಿನಾಗಾ ಏಳು ಮಂದಿ ಎರಕದವರನ್ನು ಕರೆತಂದು ಕನಾಯಾಮಾಚಿಯಲ್ಲಿ ನೆಲೆಗೊಳಿಸಿದ. ಆ ಬೀದಿಯ ಮರದ ಜಾಲಂದ್ರದ ಮನೆಗಳು ಈಗಲೂ ಇವೆ. 1916ರಲ್ಲಿ ಶುರುವಾದ ನೋಸಾಕು ಕಂಪನಿ ತನ್ನ ಕಾರ್ಖಾನೆಯಲ್ಲೇ ಪ್ರವಾಸಿಗರಿಗೆ ತವರದ ಎರಕ ಮಾಡಿಸುತ್ತದೆ. ಟೋಕಿಯೊದಿಂದ ಬುಲೆಟ್ ರೈಲಾದ ಹೊಕುರಿಕು ಶಿಂಕಾನ್ಸೆನ್‌ನಲ್ಲಿ ಶಿನ್-ತಕಾವೊಕಾಕ್ಕೆ ಸುಮಾರು ಎರಡೂಮುಕ್ಕಾಲು ಗಂಟೆ. ‘ಹಕುತಾಕಾ’ ರೈಲು ಹಿಡಿಯಿರಿ, ವೇಗದ ‘ಕಗಾಯಾಕಿ’ ಸಾಮಾನ್ಯವಾಗಿ ಅಲ್ಲಿ ನಿಲ್ಲುವುದಿಲ್ಲ. ಕೆಲಸ ಮುಗಿಸಿ ಕ್ಯೋಟೊಗೆ ಹೋಗುವಾಗ ತ್ಸುರುಗಾದಲ್ಲಿ ರೈಲು ಬದಲಿಸಬೇಕು. 2024ರ ಮಾರ್ಚಿನಲ್ಲಿ ಶಿಂಕಾನ್ಸೆನ್ ತ್ಸುರುಗಾದವರೆಗೆ ಬಂದ ಮೇಲಿನ ವ್ಯವಸ್ಥೆ ಇದು, ಹಳೆಯ ಪ್ರವಾಸಿ ಪುಸ್ತಕ ನೋಡಿ ಗೊಂದಲ ಮಾಡಿಕೊಳ್ಳಬೇಡಿ.

ಸುತ್ತಿಗೆಯನ್ನೇ ಹಿಡಿಯಬೇಕೆಂಬ ಆಸೆಯಿದ್ದರೆ ನೀಗಾತಾ ಪ್ರಾಂತ್ಯದ ತ್ಸುಬಾಮೆ-ಸಾಂಜೊ. ಟೋಕಿಯೊದಿಂದ ಸುಮಾರು ಎರಡು ಗಂಟೆ, ಬೆಳಿಗ್ಗೆ ಹೋಗಿ ಸಂಜೆ ಮರಳಬಹುದು. ಸಾಂಜೊದ ಕಮ್ಮಾರಿಕೆ ಶಾಲೆಯಲ್ಲಿ ಸುಮಾರು 15 ಸೆಂಟಿಮೀಟರ್ ಉದ್ದದ ಮೊಳೆಯನ್ನು ಕಾಯಿಸಿ, ಬಡಿದು, ಕಾಗದ ಕತ್ತರಿಸುವ ಚಾಕು ಮಾಡಿಸುತ್ತಾರೆ. ವಸ್ತು ಸಣ್ಣದು, ಆದರೆ ಕೆಂಪಗೆ ಕಾದ ಕಬ್ಬಿಣ ಸುತ್ತಿಗೆಯ ಕೆಳಗೆ ಹೇಗೆ ಹರಿಯುತ್ತದೆ ಎಂಬುದು ಕೈಗೆ ಗೊತ್ತಾಗುತ್ತದೆ. ಮಸೆದ ಅಲಗಿಗೆ ಹಿಡಿ ಕೂರಿಸುವುದಕ್ಕಿಂತ ಇದೇ ಮೇಲು ಎನ್ನುವುದು ನಮ್ಮ ಅಭಿಪ್ರಾಯ.

ಪ್ರಶ್ನೆ: ತವರದ ಎರಕದ ತರಗತಿಗೆ ಹೋಗಿದ್ದೆವು. ಒಂದೇ ಮರಳು, ಒಂದೇ ತವರ. ನನ್ನ ಬಟ್ಟಲು ಚೆನ್ನಾಗಿ ಬಂತು, ಮಗಳದ್ದರಲ್ಲಿ ಅಂಚಿನ ಹತ್ತಿರ ತೂತು, ಒಳಗೆಲ್ಲ ಒರಟು. ಯಾಕೆ?

ಎರಕ ಕೆಡುವುದು ಸುರಿಯುವಾಗ ಎಂದು ಎಲ್ಲರೂ ಅಂದುಕೊಳ್ಳುತ್ತಾರೆ. ಹೆಚ್ಚಿನ ಸಲ ಅದು ಕೆಟ್ಟಿರುವುದು ಅದಕ್ಕೂ ಅರ್ಧ ಗಂಟೆ ಮೊದಲು, ಮರಳು ತುಂಬುವಾಗ.

ಕ್ರಮ ನೆನಪಿಸಿಕೊಳ್ಳಿ. ಹಲಗೆಯ ಮೇಲೆ ಬಟ್ಟಲಿನ ಮಾದರಿ, ಸುತ್ತ ಮರದ ಚೌಕಟ್ಟು. ಮಾದರಿಗೆ ಮರಳು ಅಂಟದಂತೆ ತೆಳುವಾಗಿ ಪುಡಿ ಉದುರಿಸುತ್ತಾರೆ. ಮೊದಲ ಮರಳನ್ನು ಜರಡಿ ಹಿಡಿದೇ ಹಾಕಬೇಕು, ಬಟ್ಟಲಿನ ಮೈಗೆ ತಾಗುವುದು ಇದೇ ಪದರ. ಅದರ ಮೇಲೆ ಉಳಿದ ಮರಳು ಸುರಿದು, ಮೊದಲು ಅಂಚು ಮತ್ತು ಮೂಲೆಗಳನ್ನು ಬೆರಳಿಂದ ಒತ್ತಿ, ಆಮೇಲೆ ಕೊಡತಿಯಿಂದ ಸುತ್ತ ಕುಟ್ಟುತ್ತ ನಡುವಿಗೆ ಬರಬೇಕು. ಹೊಸಬರು ನಡುವಿನಲ್ಲೇ ಜೋರಾಗಿ ಕುಟ್ಟುತ್ತಾರೆ, ಮೂಲೆ ಸಡಿಲ ಉಳಿಯುತ್ತದೆ. ಮೇಲೆ ಮಟ್ಟ ಮಾಡಿ, ಮಗುಚಿ, ಎರಡನೆಯ ಚೌಕಟ್ಟಿಟ್ಟು ಅದನ್ನೂ ಹೀಗೆಯೇ ತುಂಬಿಸಿ, ತವರ ಇಳಿಯಲು ಒಂದು ದಾರಿ ಬಿಡುತ್ತಾರೆ. ನಂತರ ಎರಡು ಚೌಕಟ್ಟು ಬಿಡಿಸಿ, ಮಾದರಿಯನ್ನು ಮೆಲ್ಲಗೆ ತಟ್ಟಿ ನೆಟ್ಟಗೆ ಮೇಲಕ್ಕೆ ತೆಗೆಯಬೇಕು. ಓರೆಯಾಗಿ ಎತ್ತಿದರೆ ಅಚ್ಚಿನ ಅಂಚು ಮುರಿಯಿತು ಎಂದೇ ಲೆಕ್ಕ.

ಮಗಳ ಬಟ್ಟಲಿನ ಒರಟಿಗೆ ಕಾರಣ ಸಡಿಲ ಮರಳು. ಕುಟ್ಟಿದ್ದು ಸಾಲದಿದ್ದರೆ ತವರ ಮರಳಿನ ಕಣಗಳ ನಡುವೆ ನುಗ್ಗಿ ಗಟ್ಟಿಯಾಗುತ್ತದೆ. ಒಂದೊಂದು ಕಣ ಉದುರಿ ಒಳಗೆ ಬಿದ್ದರೆ ಅಲ್ಲಿ ಗುಳಿ. ಹಾಗೆಂದು ಕಲ್ಲಿನಂತೆ ಕುಟ್ಟಿದರೂ ಕೆಡುತ್ತದೆ, ಗಾಳಿ ಹೊರಹೋಗಲು ಸಂದು ಉಳಿಯುವುದಿಲ್ಲ. ಬೆರಳಿನಿಂದ ಒತ್ತಿದಾಗ ಗುರುತು ಬೀಳುವುದೇ ಕಷ್ಟ ಅನ್ನಿಸುವಷ್ಟು ಸಾಕು.

ಅಂಚಿನ ತೂತಿಗೆ ಎರಡು ಸಾಧ್ಯತೆ. ಅದು ದುಂಡಗೆ, ಒಳಮೈ ನುಣುಪಾಗಿದ್ದರೆ ಆವಿಯ ಗುಳ್ಳೆ: ಮರಳಿನಲ್ಲಿ ಪಸೆ ಹೆಚ್ಚಿತ್ತು. ತೂತಿನ ಅಂಚು ಮಡಿಸಿದ ತುಟಿಯಂತೆ ದುಂಡಗಾಗಿ, ಎರಡು ಹರಿವುಗಳು ಬಂದು ಸೇರದೆ ನಿಂತಂತೆ ಕಂಡರೆ ತವರ ದಾರಿಯಲ್ಲೇ ತಣಿದಿದೆ. ಸುರಿಯುವಾಗ ಹೆದರಿ ಒಂದು ಕ್ಷಣ ನಿಲ್ಲಿಸಿದರೆ ಆಗುವುದು ಇದೇ. ಸಣ್ಣಗೆ ಸುರಿದರೂ ತೊಂದರೆಯಿಲ್ಲ, ಧಾರೆ ಕಡಿಯಬಾರದು, ದಾರಿ ಬಾಯಿತನಕ ತುಂಬುವವರೆಗೆ ಕೈ ತಡೆಯಬಾರದು. ಬಾಯಿ ತುಂಬಿರಬೇಕು ಏಕೆಂದರೆ ತವರ ತಣಿಯುತ್ತ ಕುಗ್ಗುತ್ತದೆ, ಕುಗ್ಗಿದ ಜಾಗಕ್ಕೆ ಮೇಲಿನಿಂದ ಬರಬೇಕು.

ಬೇಸರ ಬೇಡ. ಆ ತವರವನ್ನು ಮತ್ತೆ ಕರಗಿಸಬಹುದು, ಹಾಗಾಗಿ ಕೆಟ್ಟದ್ದು ಅಲ್ಲಿಯೇ ಗೊತ್ತಾದರೆ ಮತ್ತೊಮ್ಮೆ ಎರೆಯಲು ಕೇಳಬಹುದು. ಅಚ್ಚು ಒಡೆಯುವ ಹೊತ್ತಿಗೆ ಇನ್ನೂ ಅರ್ಧ ಗಂಟೆ ಉಳಿದಿರುವ ಸರದಿ ಆರಿಸಿಕೊಳ್ಳುವುದು ಒಳ್ಳೆಯದು.

ಬಟ್ಟಲನ್ನು ಮನೆಯಲ್ಲಿ ಬೆಂಕಿಗೆ, ಮೈಕ್ರೊವೇವ್‌ಗೆ ಇಡಬೇಡಿ. ಫ್ರೀಜರ್‌ಗೂ ಬೇಡ: ತೀರಾ ತಣ್ಣಗೆ ಬಹಳ ದಿನ ಇದ್ದರೆ ಶುದ್ಧ ತವರ ಬೂದು ಪುಡಿಯಾಗುವ ಗುಣವಿದೆ. ಬಗ್ಗಿಸಿದಾಗ ಕಿರ್ರೆನ್ನುವುದು ಮಾತ್ರ ದೋಷವಲ್ಲ, ತವರ ಹಾಗೆ ಕೂಗುವ ಲೋಹ.

ಪ್ರಶ್ನೆ: ತಾಮ್ರದ ತಗಡು ಬಡಿದು ತಟ್ಟೆ ಮಾಡುವ ತರಗತಿಯಲ್ಲಿ ಗುರುಗಳು ಮತ್ತೆ ಮತ್ತೆ ಕಾಯಿಸಿ ನೀರಿಗೆ ಹಾಕುತ್ತಿದ್ದರು. ನೀರಿಗೆ ಹಾಕಿದರೆ ಗಟ್ಟಿಯಾಗುವುದಿಲ್ಲವೇ?

ಉಕ್ಕು ಗಟ್ಟಿಯಾಗುತ್ತದೆ, ತಾಮ್ರ ಆಗುವುದಿಲ್ಲ. ತಾಮ್ರ ಗಟ್ಟಿಯಾಗುವುದು ಬಡಿತದಿಂದ. ಮೆತ್ತಗಿದ್ದ ತಗಡು ಬಡಿಯುತ್ತ ಹೋದಂತೆ ಪೆಡಸಾಗಿ, ಸುತ್ತಿಗೆಯನ್ನು ಹಿಂದಕ್ಕೆ ಚಿಮ್ಮಿಸಲು ಶುರುಮಾಡುತ್ತದೆ. ಆಗ ಸುಮಾರು 600ರಿಂದ 650 ಡಿಗ್ರಿಗೆ, ಮಂದ ಕೆಂಪು ಬರುವಷ್ಟು ಕಾಯಿಸಿದರೆ ಮತ್ತೆ ಮೆತ್ತಗಾಗುತ್ತದೆ. ಬಿಸಿಲಿನಲ್ಲಿ ಈ ಕೆಂಪು ಕಾಣುವುದಿಲ್ಲ, ಅದಕ್ಕೇ ಒಲೆ ಕತ್ತಲ ಮೂಲೆಯಲ್ಲಿರುತ್ತದೆ. ನೀರಿಗೆ ಹಾಕುವುದು ಬೇಗ ತಣಿಸಲು, ಜೊತೆಗೆ ಮೇಲಿನ ಕಪ್ಪು ಪೊರೆ ಕಳಚಲು. ಪೆಡಸಾದ ಮೇಲೂ ಹಟ ಹಿಡಿದು ಬಡಿದರೆ ಅಂಚು ಸೀಳುತ್ತದೆ.

ತ್ಸುಬಾಮೆಯಲ್ಲಿ ಈ ಕಲೆಗೆ ‘ತ್ಸುಯಿಕಿ’ ಎನ್ನುತ್ತಾರೆ. ಅಲ್ಲಿನ ಗ್ಯೊಕುಸೆಂದೊ ಕಾರ್ಖಾನೆ 1816ರಿಂದ ನಡೆಯುತ್ತಿದೆ. ಕೆಲಸಗಾರರು ಮರದ ದಿಮ್ಮಿಯ ರಂಧ್ರಕ್ಕೆ ‘ತೊರಿಗುಚಿ’ ಎಂಬ ಕಬ್ಬಿಣದ ಕೊಕ್ಕನ್ನು ಸಿಕ್ಕಿಸಿ, ಪಾತ್ರೆಯ ಒಳಮೈಯನ್ನು ಅದಕ್ಕೆ ಆನಿಸಿ ಹೊರಗಿನಿಂದ ಬಡಿಯುತ್ತಾರೆ. ನೀವು ಬಡಿಯುವಾಗ ಕಣ್ಣಿಗಿಂತ ಕಿವಿ ನಂಬಿ. ತಗಡು ಕಬ್ಬಿಣಕ್ಕೆ ಸರಿಯಾಗಿ ಆನಿಕೊಂಡಿದ್ದರೆ ‘ಟಣ್’ ಎಂಬ ಬಿಗಿ ಸದ್ದು, ನಡುವೆ ಸಂದಿದ್ದರೆ ‘ಡಬ್’ ಎಂಬ ಟೊಳ್ಳು ಸದ್ದು. ಟೊಳ್ಳು ಸದ್ದಿನ ಮೇಲೆ ಬಿದ್ದ ಏಟು ತಗ್ಗು ಮಾಡುತ್ತದೆಯೇ ಹೊರತು ಆಕಾರ ಕೊಡುವುದಿಲ್ಲ. ಒಂದು ಏಟಿನ ಗುರುತು ಹಿಂದಿನದರ ಅರ್ಧ ಮುಚ್ಚುವಂತೆ, ಸುತ್ತಿಗೆ ಒಂದೇ ಜಾಗದಲ್ಲಿ ಇಳಿಯುತ್ತಿರಲಿ, ಎಡಗೈ ಪಾತ್ರೆಯನ್ನು ತಿರುಗಿಸಲಿ. ಸುಸ್ತಾದವರು ಮಣಿಕಟ್ಟು ಓರೆ ಮಾಡುತ್ತಾರೆ. ಆಗ ಸುತ್ತಿಗೆಯ ಅಂಚು ತಾಗಿ ಚಂದ್ರನ ಚೂರಿನಂಥ ಗೀರು ಬೀಳುತ್ತದೆ. ಆ ಗೀರು ಮತ್ತೆ ಹೋಗುವುದಿಲ್ಲ.

ಪ್ರಶ್ನೆ: ಚಾಕು ಮಾಡಿಸುವ ಪೂರ್ತಿ ದಿನದ ತರಗತಿಗೆ ಹೋಗಬೇಕೆಂದಿದ್ದೇನೆ. ಮಾಡಿದ ಚಾಕುವನ್ನು ರೈಲಿನಲ್ಲಿ, ವಿಮಾನದಲ್ಲಿ ತರಬಹುದೇ? ಕತಾನಾ ಕೂಡ ಮಾಡಬಹುದೇ?

ಕತಾನಾ ಇಲ್ಲ. ಜಪಾನಿನಲ್ಲಿ ನಿಜವಾದ ಖಡ್ಗ ಮಾಡಲು ಪರವಾನಗಿ ಬೇಕು, ಅದಕ್ಕೆ ಕನಿಷ್ಠ ಐದು ವರ್ಷ ಗುರುವಿನ ಹತ್ತಿರ ಕಲಿಯಬೇಕು. ಪ್ರವಾಸಿಗರಿಗೆ ಸಿಗುವುದು ಸಣ್ಣ ಚೂರಿ ಅಥವಾ ಅಡುಗೆಮನೆ ಚಾಕು.

ಪೂರ್ತಿ ದಿನ ಕೊಡುವವರಿಗೆ ಫುಕುಯಿ ಪ್ರಾಂತ್ಯದ ಎಚಿಝೆನ್‌ನಲ್ಲಿರುವ ತಕೆಫು ನೈಫ್ ವಿಲೇಜ್ ಒಳ್ಳೆಯ ಜಾಗ. ಎಚಿಝೆನ್-ತಕೆಫು ನಿಲ್ದಾಣ ಮೇಲೆ ಹೇಳಿದ ತಕಾವೊಕಾ–ತ್ಸುರುಗಾ ದಾರಿಯಲ್ಲೇ ಸಿಗುತ್ತದೆ. ಅಲ್ಲಿನ ಚಾಕುಗಳಲ್ಲಿ ಮೆದು ಕಬ್ಬಿಣಕ್ಕೆ ಗಟ್ಟಿ ಉಕ್ಕನ್ನು ಬೆಸೆದಿರುತ್ತಾರೆ, ಬಾಯಿ ಉಕ್ಕಿನದು, ಬೆನ್ನು ಕಬ್ಬಿಣದ್ದು. ನಿಮ್ಮ ಕೆಲಸ ಕೆಡಬಹುದಾದ ಗಳಿಗೆ ಹದ ಕೊಡುವಾಗ: ಅಲಗನ್ನು ಸುಮಾರು 800 ಡಿಗ್ರಿಗೆ ಕಾಯಿಸಿ ನೀರಿಗೆ ಅದ್ದುವುದು. ಹೆಚ್ಚು ಕಾದರೆ ಉಕ್ಕಿನ ಕಣ ದಪ್ಪವಾಗಿ ಬಾಯಿ ಉದುರುತ್ತದೆ, ಕಡಿಮೆಯಾದರೆ ಗಟ್ಟಿಯಾಗುವುದೇ ಇಲ್ಲ, ಓರೆಯಾಗಿ ಅದ್ದಿದರೆ ಬಾಗುತ್ತದೆ. ಆಮೇಲೆ 180 ಡಿಗ್ರಿಯ ಆಸುಪಾಸಿನಲ್ಲಿ ಮತ್ತೆ ಕಾಯಿಸಿ ಪೆಡಸು ಇಳಿಸುತ್ತಾರೆ. ಈ ಎರಡು ಹಂತವನ್ನು ಗುರುಗಳೇ ಮಾಡಿದರೆ ಬೇಜಾರಾಗಬೇಡಿ, ಹತ್ತಿರ ನಿಂತು ಬಣ್ಣ ನೋಡಿ.

ಕಾನೂನು ಗಟ್ಟಿಯಾಗಿದೆ. 6 ಸೆಂಟಿಮೀಟರ್‌ಗಿಂತ ಉದ್ದದ ಅಲಗನ್ನು ಸಕಾರಣವಿಲ್ಲದೆ ಹೊತ್ತು ತಿರುಗಿದರೆ 2 ವರ್ಷದವರೆಗೆ ಸೆರೆ ಅಥವಾ 3 ಲಕ್ಷ ಯೆನ್‌ವರೆಗೆ ದಂಡ. ಮಾಡಿದ ಚಾಕುವನ್ನು ವಸತಿಗೆ ಒಯ್ಯುವುದು ಸಕಾರಣವೇ, ಆದರೆ ಅದನ್ನು ಪೆಟ್ಟಿಗೆಯಲ್ಲಿಟ್ಟು, ಅಂಟಿಸಿ, ಚೀಲದ ತಳಕ್ಕೆ ಹಾಕಿ, ರಸೀದಿ ಜೊತೆಗಿಟ್ಟು ನೇರ ಕೋಣೆಗೆ ಹೋಗಿ. 2019ರಿಂದ ಸರಿಯಾಗಿ ಕಟ್ಟದ ಚಾಕುವನ್ನು ರೈಲಿಗೆ ತರುವಂತಿಲ್ಲ. ಮರುದಿನ ಊರು ಸುತ್ತುವಾಗ ಅದು ಬೆನ್ನಚೀಲದಲ್ಲಿ ಉಳಿದಿದ್ದರೆ ಕಾರಣ ಹೇಳುವುದು ಕಷ್ಟ. ವಿಮಾನದಲ್ಲಿ ಕೈಚೀಲಕ್ಕೆ ಬೇಡವೇ ಬೇಡ, ಚೆಕ್-ಇನ್ ಪೆಟ್ಟಿಗೆಗೆ.

ಪ್ರಶ್ನೆ: ನಾವಿಬ್ಬರೂ ಮದುವೆಯ ಉಂಗುರವನ್ನು ‘ಮೊಕುಮೆ-ಗಾನೆ’ಯಲ್ಲಿ ಮಾಡಿಕೊಳ್ಳಬೇಕೆಂದಿದ್ದೇವೆ. ಏನು ಕೇಳಬೇಕು?

ಮೊಕುಮೆ-ಗಾನೆ ಎಂದರೆ ಮರದ ಎಳೆಯಂಥ ಲೋಹ. ಅಕಿತಾದ ಶೋಆಮಿ ದೆನ್ಬೆ (1651–1728) ಖಡ್ಗದ ಸಾಮಾನಿಗಾಗಿ ಇದನ್ನು ರೂಪಿಸಿದ. ಬೇರೆ ಬೇರೆ ಬಣ್ಣದ ಲೋಹದ ಹಾಳೆಗಳನ್ನು ಒತ್ತಿ ಕಾಯಿಸಿ ಒಂದಾಗಿಸಿ, ಕೊರೆದು, ಮತ್ತೆ ಬಡಿದು ಚಪ್ಪಟೆ ಮಾಡಿದರೆ ಎಳೆ ಹೊಮ್ಮುತ್ತದೆ. ಬೆಳ್ಳಿ ಮತ್ತು ತಾಮ್ರ ತಾಗಿದ ಜಾಗ 779 ಡಿಗ್ರಿಗೇ ಕರಗುತ್ತದೆ, ಎರಡೂ ಲೋಹ ಬಿಡಿಯಾಗಿ ಕರಗುವುದಕ್ಕಿಂತ ಬಹಳ ಕೆಳಗೆ. ಆದ್ದರಿಂದ ಈ ಬೆಸುಗೆಯನ್ನು ಹೊಸಬರಿಗೆ ಬಿಡುವುದಿಲ್ಲ, ಬೆಸೆದ ಗಟ್ಟಿಯನ್ನೇ ಕೊಡುತ್ತಾರೆ. ಕೊರೆಯುವುದು, ತಿರುಚುವುದು ನಿಮ್ಮದು. ಆಳ ಹದವಾಗಿರಲಿ: ಮೇಲಿನ ಒಂದೇ ಪದರ ಕೊರೆದರೆ ಎಳೆ ಕಾಣದು, ತೀರಾ ಆಳಕ್ಕೆ ಹೋದರೆ ಬಡಿದಾಗ ಮಡಿಕೆ ಬಿದ್ದು ಬಿರುಕು.

ಒಳಮೈಗೆ ಯಾವ ಲೋಹ ಎಂದು ಮೊದಲು ಕೇಳಿ. ತಾಮ್ರ ಅಥವಾ ಶಾಕುದೊ (ತಾಮ್ರಕ್ಕೆ ಸ್ವಲ್ಪ ಚಿನ್ನ ಬೆರೆತದ್ದು) ಚರ್ಮಕ್ಕೆ ತಾಗಿದರೆ ಬೆವರಿಗೆ ಹಸಿರು ಗುರುತು ಬೀಳುತ್ತದೆ. ದಿನಾ ತೊಡುವುದಾದರೆ ಒಳಗೆ ಚಿನ್ನದ ಪದರವಿರಲಿ. ಅಳತೆಯನ್ನು ಒಳವ್ಯಾಸದ ಮಿಲಿಮೀಟರಿನಲ್ಲಿ ಹೇಳಿ. ಜಪಾನಿನ ಸಂಖ್ಯೆ ಬೇರೆ: ಅಲ್ಲಿನ 13 ಎಂದರೆ 17 ಮಿಲಿಮೀಟರ್.

ಪ್ರಶ್ನೆ: ಆ ಶಾಕುದೊದ ಕಪ್ಪು ಬಣ್ಣ ಬಳಿದದ್ದೇ?

ಅಲ್ಲ, ಬೇಯಿಸಿದ್ದು. ತಾಮ್ರದ ಉಪ್ಪುಗಳನ್ನು ಕರಗಿಸಿದ ನೀರಿನಲ್ಲಿ ಕುದಿಸಿದಾಗ ಮೈಮೇಲೆ ತೆಳು ಪೊರೆ ಬೆಳೆದು ನೇರಳೆಗಪ್ಪು ಬರುತ್ತದೆ. ಅದಕ್ಕೂ ಮೊದಲು ವಸ್ತುವನ್ನು ತುರಿದ ಬಿಳಿ ಮೂಲಂಗಿಯಲ್ಲಿ ಹೊರಳಿಸುತ್ತಾರೆ, ಬಣ್ಣ ಕಲೆಯಾಗದೆ ಸಮನಾಗಿ ಹಿಡಿಯಲಿ ಎಂದು. ಉಜ್ಜಿ ತೊಳೆದ ಮೇಲೆ ಬೆರಳು ತಾಗಿಸಬೇಡಿ. ಬೆರಳಿನ ಜಿಡ್ಡು ಎಲ್ಲಿ ಅಂಟಿತೋ ಅಲ್ಲಿ ಬಣ್ಣ ಹಿಡಿಯುವುದಿಲ್ಲ, ನಿಮ್ಮ ಹೆಬ್ಬೆಟ್ಟಿನ ಗುರುತು ಅಲ್ಲೇ ಉಳಿಯುತ್ತದೆ.

ಪ್ರಶ್ನೆ: ಕನಾಝಾವಾದಲ್ಲಿ ಚಿನ್ನದ ರೇಕು ಅಂಟಿಸುವ ತರಗತಿ ಲೋಹದ ಕೆಲಸವೇ?

ಅಂಟಿಸುವ ಕೆಲಸ. ರೇಕು ಬಡಿಯುವುದೇ ನಿಜವಾದ ಕಸುಬು, ಅದು ನಿಮ್ಮ ಕೈಗೆ ಬರುವುದಿಲ್ಲ. ಆದರೂ 0.0001 ಮಿಲಿಮೀಟರಿನಷ್ಟು ತೆಳು ಚಿನ್ನವನ್ನು ಬಿದಿರಿನ ಚಿಮಟದಲ್ಲಿ ಎತ್ತುವುದು ಒಂದು ಅನುಭವವೇ. ಉಸಿರು ಬಿಗಿಹಿಡಿದು ಎತ್ತಿ, ಪಕ್ಕದವರಿಗೂ ನಗಬೇಡಿ ಎನ್ನಿ.

ಪ್ರಶ್ನೆ: ಏನು ತೊಟ್ಟು ಹೋಗಬೇಕು?

ಹತ್ತಿಯ ಉಡುಪು, ಬೆರಳು ಮುಚ್ಚುವ ಶೂ. ಪಾಲಿಯೆಸ್ಟರ್ ಬೇಡ, ಕಿಡಿ ಬಿದ್ದರೆ ಕರಗಿ ಚರ್ಮಕ್ಕೆ ಅಂಟುತ್ತದೆ. ಕೂದಲು ಕಟ್ಟಿ, ದುಪಟ್ಟಾ, ಬಳೆ, ಉಂಗುರ ಕೋಣೆಯಲ್ಲೇ ಬಿಡಿ. ಟಿಪ್ಸ್ ಕೊಡಬೇಡಿ, ಆ ಪದ್ಧತಿ ಅಲ್ಲಿಲ್ಲ. ಆಗಸ್ಟ್ ನಡುವಿನ ಓಬೊನ್ (ಪಿತೃಗಳ ಹಬ್ಬ) ದಿನಗಳಲ್ಲಿ ಮತ್ತು ಹೊಸವರ್ಷದ ವಾರದಲ್ಲಿ ಹೆಚ್ಚಿನ ಕುಲುಮೆಗಳು ಆರಿರುತ್ತವೆ. ರೈಲಿನ ಟಿಕೆಟ್‌ಗಿಂತ ಮೊದಲು ತರಗತಿಯ ಜಾಗ ಕಾದಿರಿಸಿ.