ಆಕ್ಲೆಂಡಿಗೆ ಹೊಸದಾಗಿ ಬಂದವರಿಗೆ, ಜಾನ್ ಕರ್ವನ್ ಅವರ ಕುರಿತು

ಆಕ್ಲೆಂಡಿಗೆ ಬಂದು ನಾಲ್ಕು ತಿಂಗಳಾದರೂ ಸೋಮವಾರ ಆಫೀಸಿನಲ್ಲಿ ರಗ್ಬಿಯ ಮಾತು ಶುರುವಾದರೆ ನೀವೊಬ್ಬರೇ ಸುಮ್ಮನೆ ಕೂರಬೇಕಾಗುತ್ತದೆಂದೂ, ಮನೆಗೆ ಬಂದ ಮೇಲೆ ಯಾರೊಡನೆಯೂ ಮಾತೇ ಬೇಡವೆನಿಸುತ್ತದೆಂದೂ ಬರೆದಿದ್ದೀರಿ. ಈ ಆಟವನ್ನು ಕಲಿಯಲೇಬೇಕೇ ಎಂಬುದು ನಿಮ್ಮ ಪ್ರಶ್ನೆ. ಕಲಿಯಿರಿ ಎಂದೇ ನನ್ನ ಸಲಹೆ. ಆದರೆ ಅಂಕಗಳ ಲೆಕ್ಕಕ್ಕಿಂತ ಮೊದಲು ಸರ್ ಜಾನ್ ಕರ್ವನ್ ಅವರನ್ನು ತಿಳಿದುಕೊಳ್ಳಿ.

ಸ್ಕೈ ಸ್ಪೋರ್ಟ್ ವಾಹಿನಿಯ 'ದಿ ಬ್ರೇಕ್‌ಡೌನ್' ಚರ್ಚೆಯಲ್ಲಿ ಅವರನ್ನು ನೀವು ನೋಡಿರಬಹುದು. ನ್ಯೂಜಿಲೆಂಡಿನ ರಾಷ್ಟ್ರೀಯ ರಗ್ಬಿ ತಂಡವಾದ ಆಲ್ ಬ್ಲ್ಯಾಕ್ಸ್‌ಗಾಗಿ 63 ಟೆಸ್ಟ್, ಅಂದರೆ ಅಂತರರಾಷ್ಟ್ರೀಯ ಪಂದ್ಯ, ಆಡಿ 35 ಟ್ರೈ (ಎದುರಾಳಿಯ ಗೆರೆಯಾಚೆ ಚೆಂಡನ್ನು ನೆಲಕ್ಕೆ ಮುಟ್ಟಿಸಿ ಅಂಕ ಪಡೆಯುವುದು) ಗಳಿಸಿದವರು ಅವರು. 1987ರ ಮೊದಲ ವಿಶ್ವಕಪ್ಪಿನ ಮೊದಲ ಪಂದ್ಯದಲ್ಲಿ, ಇದೇ ಊರಿನ ಈಡನ್ ಪಾರ್ಕ್‌ನಲ್ಲಿ, ಚೆಂಡು ಹಿಡಿದು ಬಹುತೇಕ ಇಡೀ ಮೈದಾನವನ್ನು ಓಡಿ ಇಟಲಿಯ ವಿರುದ್ಧ ಅವರು ಗಳಿಸಿದ ಟ್ರೈಯನ್ನು ಇಲ್ಲಿನ ಹಿರಿಯರು ಈಗಲೂ ನೆನೆಯುತ್ತಾರೆ. ಅದೇ ಇಟಲಿಗೆ ಅವರು 2002ರಲ್ಲಿ ಕೋಚ್ ಆದರು. 2003ರ ವಿಶ್ವಕಪ್ಪಿನಲ್ಲಿ ಆ ತಂಡ ಟೋಂಗಾ ಮತ್ತು ಕೆನಡಾಗಳನ್ನು ಸೋಲಿಸಿತು. ಮುಂದೆ ಜಪಾನ್ ತಂಡದ ಹೊಣೆ ಹೊತ್ತು, 2007ರಲ್ಲಿ ಕೆನಡಾದೊಡನೆ 12-12ರ ಸಮಬಲ ಸಾಧಿಸಿ, ವಿಶ್ವಕಪ್ಪಿನಲ್ಲಿ ಜಪಾನಿನ ದೀರ್ಘ ಸೋಲಿನ ಸರಣಿಯನ್ನು ಮುಗಿಸಿದರು. 2011ರಲ್ಲಿ ಅವರ ಜಪಾನ್ ತಂಡ ಹ್ಯಾಮಿಲ್ಟನ್ನಿನಲ್ಲಿ ಅವರದೇ ದೇಶದ ಎದುರು 83-7ರಿಂದ ಸೋತಿತು. ಅನಂತರ ಆಕ್ಲೆಂಡಿನ ಬ್ಲೂಸ್ ತಂಡದ ಕೋಚ್ ಆಗಿ ಮೂರು ಋತುಗಳನ್ನು ಕಳೆದರೂ ಒಮ್ಮೆಯೂ ಪ್ಲೇ-ಆಫ್ ಹಂತ ತಲುಪಲಾಗದೆ 2015ರಲ್ಲಿ ಅವರು ಹುದ್ದೆ ಬಿಟ್ಟರು. ಪರದೇಶದಲ್ಲಿ ಬದುಕಿ ದುಡಿದವರು, ಸ್ವಂತ ಊರಿನಲ್ಲೇ ಸೋಲುಂಡವರು. ಆದ್ದರಿಂದಲೇ ಟಿವಿಯಲ್ಲಿ ಅವರು ಇನ್ನೊಬ್ಬ ಕೋಚ್‌ನ ಕಷ್ಟವನ್ನು ವಿವರಿಸಿದಾಗ ನನಗೆ ನಂಬಿಕೆ ಮೂಡುತ್ತದೆ.

ಆದರೆ ನಾನು ಅವರನ್ನು ಮೊದಲು ಕಂಡದ್ದು ಆಟದ ಕಾರ್ಯಕ್ರಮದಲ್ಲಲ್ಲ. 2008ರ ಚಳಿಗಾಲದಲ್ಲಿ, ಐದೂವರೆಗೇ ಕತ್ತಲಾಗುವ ದಿನಗಳಲ್ಲಿ, ನಾನೂ ನಿಮ್ಮಂತೆಯೇ ಮಾತು ಬಿಟ್ಟು ಕೂತಿದ್ದೆ. ಆಗ ಖಿನ್ನತೆಯ ಅರಿವಿಗಾಗಿ ಸರ್ಕಾರ ನೀಡುತ್ತಿದ್ದ ಟಿವಿ ಜಾಹೀರಾತಿನಲ್ಲಿ ಈ ಗಟ್ಟಿ ಆಳು ತನಗೆ ಖಿನ್ನತೆ ಇತ್ತೆಂದೂ ನೆರವು ಪಡೆದು ಚೇತರಿಸಿಕೊಂಡೆನೆಂದೂ ಯಾವ ಸಂಕೋಚವೂ ಇಲ್ಲದೆ ಹೇಳುತ್ತಿದ್ದರು. ನಮ್ಮ ಮನೆಗಳಲ್ಲಿ ಇಂಥದನ್ನು ನಾಲ್ಕು ಜನರ ಮುಂದೆ ಹೇಳುವುದಿಲ್ಲ. ಈ ದೇಶ 2012ರಲ್ಲಿ ಅವರಿಗೆ 'ಸರ್' ಪದವಿ ಕೊಟ್ಟಾಗ ರಗ್ಬಿಯ ಜೊತೆಗೆ ಮಾನಸಿಕ ಆರೋಗ್ಯಕ್ಕಾಗಿ ಮಾಡಿದ ಸೇವೆಯನ್ನೂ ಹೆಸರಿಸಿತು.

ಅದನ್ನು ನೋಡಿದ ವಾರವೇ ನಾನು ಡಾಕ್ಟರ ಬಳಿ ಹೋದೆ. ನೀವೂ ನಿಮ್ಮ ಡಾಕ್ಟರಿಗೆ, ನನಗೆ ಬರೆದಂತೆಯೇ, ಎಲ್ಲವನ್ನೂ ಹೇಳಿ. ನಡುರಾತ್ರಿಯಲ್ಲಿ ಮನಸ್ಸು ತಡೆಯದಾದರೆ 1737ಕ್ಕೆ ಕರೆ ಮಾಡಿ ಅಥವಾ ಮೆಸೇಜ್ ಕಳಿಸಿ. ದುಡ್ಡಿಲ್ಲದೆ, ಯಾವ ಹೊತ್ತಿನಲ್ಲಾದರೂ ತರಬೇತಿ ಪಡೆದವರು ಮಾತಿಗೆ ಸಿಗುತ್ತಾರೆ. ಬ್ಲೂಸ್ ತಂಡದ ಮುಂದಿನ ಪಂದ್ಯ ಈಡನ್ ಪಾರ್ಕ್‌ನಲ್ಲಿ ಇದ್ದ ದಿನ ತಿಳಿಸಿ, ನಿಮ್ಮ ಪಕ್ಕದಲ್ಲಿ ಕೂತು ನಿಯಮಗಳನ್ನು ಒಂದೊಂದಾಗಿ ಹೇಳಿಕೊಡುತ್ತೇನೆ.