ಓಬವ್ವ ಬಲಕ್ಕೆ ಯಾಕೆ ಓಡುತ್ತಿಲ್ಲ?

ಸರ್, ಕೀಬೋರ್ಡ್ ಬದಲಿಸಬೇಡಿ. ಚಿತ್ರದುರ್ಗದ ಕೋಟೆ ಇಟ್ಟುಕೊಂಡು ಪೈಗೇಮ್‌ನಲ್ಲಿ (ಪೈಥಾನ್‌ನಲ್ಲಿ ಆಟ ಬರೆಯುವ ಲೈಬ್ರರಿ) ಮಾಡಿದ ನಿಮ್ಮ ಆಟದಲ್ಲಿ ಓಬವ್ವ ಎಡಕ್ಕೆ ಓಡುತ್ತಾಳೆ, ಬಲಕ್ಕೆ ಒತ್ತಿದರೆ ಕದಲುವುದೇ ಇಲ್ಲ ಅಂದಿರಲ್ವಾ? ಅದಕ್ಕೆ ಕಾರಣ ರೆಕ್ಟ್, ಅಂದರೆ ಅವಳ ಜಾಗ ಮತ್ತು ಅಳತೆ ಇಟ್ಟುಕೊಳ್ಳುವ ಆಯತ.

ಪೈಗೇಮ್‌ನ ರೆಕ್ಟ್ ಪೂರ್ಣಾಂಕ ಮಾತ್ರ ಇಟ್ಟುಕೊಳ್ಳುತ್ತದೆ. ಚುಕ್ಕಿಯ ಆಚೆಗಿನದನ್ನು ಕತ್ತರಿಸಿ ಬಿಡುತ್ತದೆ. ನೀವು ಫ್ರೇಮಿಗೆ, ಅಂದರೆ ತೆರೆಯ ಮೇಲೆ ಚಿತ್ರ ಹೊಸದಾಗಿ ಮೂಡುವ ಪ್ರತಿ ಸಲಕ್ಕೆ, 0.8 ಕೂಡಿಸುತ್ತಿದ್ದೀರಿ. 100ಕ್ಕೆ ಕೂಡಿದರೆ 100.8, ಉಳಿಯುವುದು ಮತ್ತೆ 100. ಮುಂದಿನ ಫ್ರೇಮಿನಲ್ಲೂ ಅದೇ. ಎಡಕ್ಕೆ ಕಳೆದಾಗ 99.2, ಕತ್ತರಿಸಿದರೆ 99. ಹಾಗಾಗಿ ಎಡಕ್ಕೆ ಫ್ರೇಮಿಗೆ ಒಂದು ಪೂರ್ತಿ ಪಿಕ್ಸೆಲ್ ಹೋಗುತ್ತಾಳೆ, ನೀವು ಕೊಟ್ಟ ವೇಗಕ್ಕಿಂತ ಜಾಸ್ತಿ. ಇಲ್ಲಿ ದಾವಣಗೆರೆಯಲ್ಲಿ ಅಣ್ಣನ ಮಗಳಿಗೆ ಕಲಿಸುವಾಗ ನಮಗೂ ಹೀಗೇ ಆಗಿ ಒಂದು ಭಾನುವಾರ ಪೂರ್ತಿ ಹೋಯಿತು. ಕಾಗದದ ಮೇಲೆ ನಾಲ್ಕು ಫ್ರೇಮಿನ ಲೆಕ್ಕ ಬರೆದಾಗಲೇ ಗೊತ್ತಾಗಿದ್ದು.

ಅವಳ ಜಾಗವನ್ನು ಬೇರೆ ಎರಡು ದಶಮಾಂಶ ವೇರಿಯೇಬಲ್‌ಗಳಲ್ಲಿ ಇಡಿ: ಅಡ್ಡಕ್ಕೆ ಎಕ್ಸ್, ಮೇಲೆ ಕೆಳಗೆ ವೈ. ಕೂಡುವುದು, ಕಳೆಯುವುದು ಎಲ್ಲ ಅವುಗಳಲ್ಲೇ. ತೆರೆಯ ಮೇಲೆ ಚಿತ್ರ ಬಿಡಿಸುವ ಮುಂಚೆ ರೌಂಡ್ ಮಾಡಿ ರೆಕ್ಟ್‌ಗೆ ಕೊಡಿ. ನೆನಪಿರಲಿ, ವೈ ಕೆಳಕ್ಕೆ ಹೋದಷ್ಟೂ ಹೆಚ್ಚುತ್ತದೆ.

ವೇಗವನ್ನೂ ಫ್ರೇಮಿಗೆ ಇಷ್ಟು ಅಂತ ಇಡಬೇಡಿ, ಸೆಕೆಂಡಿಗೆ 50 ಪಿಕ್ಸೆಲ್ ಅಂತ ಇಡಿ. ಪೈಗೇಮ್‌ನ ಗಡಿಯಾರವಾದ ಕ್ಲಾಕ್‌ನ ಟಿಕ್ ಫಂಕ್ಷನ್ನಿಗೆ 60 (ಸೆಕೆಂಡಿಗೆ ಹೆಚ್ಚೆಂದರೆ 60 ಫ್ರೇಮ್) ಕೊಟ್ಟರೆ, ಹಿಂದಿನ ಸಲದಿಂದ ಎಷ್ಟು ಮಿಲಿಸೆಕೆಂಡ್ ಆಯಿತು ಅಂತ ಅದು ಹೇಳುತ್ತದೆ. ಅದನ್ನು 1000ದಿಂದ ಭಾಗಿಸಿ ವೇಗಕ್ಕೆ ಗುಣಿಸಿ. ಹಳೇ ಕಂಪ್ಯೂಟರ್ 30 ಫ್ರೇಮಿಗೆ ಇಳಿದರೂ ಓಬವ್ವ ಅಷ್ಟೇ ದೂರ ಓಡುತ್ತಾಳೆ.

ಎರಡು ಕೀ ಒಟ್ಟಿಗೆ ಒತ್ತಿದಾಗ ಓರೆಯಾಗಿ ಸುಮಾರು 1.41 ಪಟ್ಟು ಜೋರಾಗುತ್ತದೆ. ಆಗ ಎರಡೂ ದಿಕ್ಕಿನ ವೇಗವನ್ನು 0.707ರಿಂದ ಗುಣಿಸಿದರೆ ಸಾಕು.

ಇನ್ನು ಕಿಂಡಿ. ನಿಮ್ಮ ಆಟದ ಜೀವವೇ ಅದು, ಸುಮ್ನೆ ಬಿಡಬೇಡಿ. ಒನಕೆ ಎತ್ತಿ ಹಿಡಿದ ಚಿತ್ರ ಅಗಲ ಇರುತ್ತದೆ. ಇಡೀ ಚಿತ್ರದ ಚೌಕವನ್ನೇ ಗೋಡೆಗೆ ತಾಗಿಸಿ ನೋಡಿದರೆ ಅವಳು ಕಿಂಡಿಯ ಬಾಯಲ್ಲೇ ಸಿಕ್ಕಿಕೊಳ್ಳುತ್ತಾಳೆ. ಮೈಯಷ್ಟಕ್ಕೆ ಮಾತ್ರ ಒಂದು ಸಣ್ಣ ರೆಕ್ಟ್ ಇಟ್ಟು ಅದರಿಂದ ಡಿಕ್ಕಿ ನೋಡಿ. ಮೊದಲು ಎಕ್ಸ್ ಸರಿಸಿ ಗೋಡೆ ನೋಡಿ, ಆಮೇಲೆ ವೈ ಸರಿಸಿ ಇನ್ನೊಮ್ಮೆ ನೋಡಿ. ಎರಡನ್ನೂ ಒಟ್ಟಿಗೆ ಸರಿಸಿದರೆ ಗೋಡೆಗೆ ಓರೆಯಾಗಿ ಒತ್ತಿದಾಗ ಅಂಟಿಕೊಂಡ ಹಾಗೆ ನಿಂತುಬಿಡುತ್ತಾಳೆ. ತಾಗಿದರೆ ದಶಮಾಂಶದ ಬೆಲೆಯನ್ನೂ ಹಿಂದಕ್ಕೆ ತನ್ನಿ, ಇದನ್ನು ಮರೆತವರೇ ಜಾಸ್ತಿ.

ಇಷ್ಟು ಮಾಡಿಯೂ ಬಲಕ್ಕೆ ಹೋಗದಿದ್ದರೆ ಅಪ್‌ಡೇಟ್ ಫಂಕ್ಷನ್ ಪೂರ್ತಿ ಇಲ್ಲೇ ಹಾಕಿ, ರಾತ್ರಿ ಕೂತು ನೋಡುತ್ತೇನೆ.