ಆಫರ್ ಲೆಟರ್‌ನಲ್ಲಿ ಏನು ಬರೆದಿದೆ?

ಪ್ರಶ್ನೆ: ನನಗೆ 25 ವರ್ಷ, ನಾಪೋಕ್ಲು ಹತ್ತಿರದ ಊರು. ಮಡಿಕೇರಿಯ ಕೇಬಲ್ ಚಾನೆಲೊಂದರಲ್ಲಿ ಎರಡು ವರ್ಷದಿಂದ ಸಂಜೆ ಸುದ್ದಿ ಓದುತ್ತಿದ್ದೇನೆ. ಈಗ ಬೆಂಗಳೂರಿನ ಸ್ಯಾಟಲೈಟ್ ಚಾನೆಲ್‌ನಿಂದ ನಿರೂಪಕಿ ಕೆಲಸಕ್ಕೆ ಕರೆ ಬಂದಿದೆ, ಹತ್ತು ದಿನದಲ್ಲಿ ಉತ್ತರ ಹೇಳಬೇಕು. ಆಡಿಷನ್‌ನಲ್ಲಿ ‘ಮಹಾಪ್ರಾಣ ಸರಿಮಾಡಿಕೊಳ್ಳಿ’ ಅಂದರು. ಮನೆಮಾತು ಕೊಡವ ತಕ್ಕ್, ಅದಕ್ಕೇ ಅಳುಕು. ಮದುವೆ ಮಾತುಕತೆಯಾಗಿರುವ ಹುಡುಗ ‘ಮದುವೆಯಾದ ಮೇಲೆ ಟಿವಿ ಬೇಡ’ ಎನ್ನುತ್ತಾರೆ. ಅಪ್ಪ ಏನೂ ಹೇಳುತ್ತಿಲ್ಲ. ಏನು ಮಾಡಲಿ?

ಉತ್ತರ: ಮಹಾಪ್ರಾಣದ ವಿಚಾರ ಮೊದಲು ಮುಗಿಸೋಣ, ಅದು ಅಭ್ಯಾಸದಿಂದ ತಿದ್ದಿಕೊಳ್ಳಬಹುದಾದದ್ದು. ಅಂಗೈಯನ್ನು ಬಾಯಿಂದ ನಾಲ್ಕು ಬೆರಳು ದೂರ ಹಿಡಿದು ‘ಕರ, ಖರ’, ‘ದನ, ಧನ’ ಎಂದು ಹೇಳಿ. ಎರಡನೆಯ ಪದಕ್ಕೆ ಅಂಗೈಗೆ ಗಾಳಿ ತಗುಲಬೇಕು. ಆದರೆ ಹುಷಾರಾಗಿ ಓದಲು ಹೋಗಿ ಬೇಡದ ಕಡೆಯೂ ಉಸಿರು ಬಿಟ್ಟರೆ ಇನ್ನೊಂದು ಎಡವಟ್ಟು: ಪ್ರಶಸ್ತಿ ‘ಪ್ರದಾನ’ ಹೋಗಿ ‘ಪ್ರಧಾನ’ ಆಗುತ್ತದೆ, ‘ಮದ್ಯ’ ಮಾರಾಟ ‘ಮಧ್ಯ’ ಮಾರಾಟವಾಗುತ್ತದೆ. ಕನ್ನಡವೇ ಮನೆಮಾತಾದವರೂ ಇಲ್ಲಿ ಜಾರುತ್ತಾರೆ. ದಿನಾ 20 ನಿಮಿಷ ಪತ್ರಿಕೆಯನ್ನು ಗಟ್ಟಿಯಾಗಿ ಓದಿ, ಫೋನಿನಲ್ಲಿ ರೆಕಾರ್ಡ್ ಮಾಡಿ, ಮರುದಿನ ಕೇಳಿ. ಓದಿದ ಕೂಡಲೇ ಕೇಳಿದರೆ ನಮ್ಮ ತಪ್ಪು ನಮ್ಮ ಕಿವಿಗೇ ಬೀಳುವುದಿಲ್ಲ.

ಇನ್ನು, ನಿಮ್ಮೂರು ನಿಮಗೆ ಕೊರತೆಯಲ್ಲ. 2018ರ ಆಗಸ್ಟ್‌ನಲ್ಲಿ ಕೊಡಗಿನಲ್ಲಿ ಗುಡ್ಡ ಕುಸಿದಾಗ ಮಕ್ಕಂದೂರು, ಜೋಡುಪಾಲ, ಹೆಬ್ಬೆಟ್ಟಗೇರಿ ದಿನವಿಡೀ ಸುದ್ದಿಯಲ್ಲಿದ್ದವು. ಯಾವ ಊರು ಯಾವ ರಸ್ತೆಯಲ್ಲಿದೆ ಎಂದು ನಕ್ಷೆ ನೋಡದೆ ಹೇಳಬಲ್ಲವರು ಸುದ್ದಿ ಸಿದ್ಧಮಾಡುವ ಡೆಸ್ಕ್‌ನಲ್ಲಿದ್ದರೆ ಅಂಥ ದಿನ ಬುಲೆಟಿನ್ ಬಚಾವಾಗುತ್ತದೆ. ಕೊಡವರಲ್ಲಿ ಮನೆತನದ ಹೆಸರು ಮೊದಲು ಬರುತ್ತದೆ ಎಂಬಷ್ಟು ಗೊತ್ತಿದ್ದರೂ ಪರದೆಯ ಕೆಳಗೆ ಓಡುವ ಎಷ್ಟೋ ಸ್ಕ್ರೋಲ್ ಸರಿಯಾಗುತ್ತದೆ.

ನೀವು ನಿಜಕ್ಕೂ ತಯಾರಾಗಬೇಕಾದದ್ದು ಓದುವಾಗ ಕಿವಿಯಲ್ಲಿ ಬರುವ ಸೂಚನೆಗೆ, ಅಂದರೆ ಟಾಕ್‌ಬ್ಯಾಕ್‌ಗೆ. ಕೇಬಲ್ ಚಾನೆಲ್‌ನಲ್ಲಿ ಸಾಮಾನ್ಯವಾಗಿ ಸುದ್ದಿ ಮೊದಲೇ ರೆಕಾರ್ಡ್ ಆಗಿರುತ್ತದೆ, ತಪ್ಪಿದರೆ ಮತ್ತೆ ಓದಬಹುದು. ಸ್ಯಾಟಲೈಟ್ ಚಾನೆಲ್‌ನಲ್ಲಿ ಲೈವ್. ನೀವು ಓದುತ್ತಿರುವಾಗಲೇ ಪಿಸಿಆರ್‌ನಿಂದ (ಪ್ರಸಾರ ನಿಯಂತ್ರಿಸುವ ಕೋಣೆ) ‘ಫೋನೋ (ಫೋನ್ ಸಂಪರ್ಕ) ರೆಡಿ, ಈ ಸುದ್ದಿ ಬಿಡಿ, ಬ್ರೇಕ್‌ಗೆ ಹೋಗಿ’ ಎಂದು ಕಿವಿಯಲ್ಲಿ ಹೇಳುತ್ತಲೇ ಇರುತ್ತಾರೆ. ಒಂದು ಕಿವಿಗೆ ಇಯರ್‌ಫೋನ್ ಹಾಕಿ ರೇಡಿಯೋ ವಾರ್ತೆ ಕೇಳುತ್ತಾ ಬೇರೆಯದೇ ಸುದ್ದಿ ಓದಿ. ಮೊದಲ ವಾರ ನಾಲಿಗೆ ತೊಡರುತ್ತದೆ, ಆಮೇಲೆ ಹಿಡಿತ ಸಿಗುತ್ತದೆ. ಓದಬೇಕಾದ ಸಾಲು ತೋರಿಸುವ ಪ್ರಾಂಪ್ಟರ್‌ನ ಹಿಂದೆ ಓಡಬೇಡಿ, ಆಪರೇಟರ್ ನಿಮ್ಮ ವೇಗಕ್ಕೆ ಬರಬೇಕು. ಅದು ನಿಂತುಹೋದರೆ ಏನು ಎಂಬುದಕ್ಕೆ ಕೈಯಲ್ಲಿ ಪ್ರಿಂಟ್ ಇರಲಿ, ಓದಿದ ಹಾಳೆಯನ್ನು ಆಗಿಂದಾಗಲೇ ಕೆಳಗಿಡಿ. ಬ್ರೇಕಿಂಗ್ ಬಂದಾಗ ಎಲ್ಲಿ, ಯಾವಾಗ, ಎಷ್ಟು ಜನ, ಹೇಳಿದವರು ಯಾರು, ಇನ್ನೂ ಖಚಿತವಾಗದ್ದು ಯಾವುದು ಎಂಬ ಐದನ್ನು ಗೀಚಿಕೊಳ್ಳಿ. ಐದನೆಯದನ್ನು ಬಿಟ್ಟವರೇ ಬದುಕಿರುವವರಿಗೆ ಶ್ರದ್ಧಾಂಜಲಿ ಹೇಳುವುದು. ಸ್ಟುಡಿಯೋದಲ್ಲಿ ಹಸಿರು ಪರದೆಯಿದ್ದರೆ ಹಸಿರು ಸೀರೆ ಬೇಡ, ಸೀರೆಯ ಜಾಗದಲ್ಲಿ ಹಿನ್ನೆಲೆಯ ಚಿತ್ರ ಕಾಣಿಸುತ್ತದೆ.

ಈಗ ಆಫರ್ ಲೆಟರ್ ತೆಗೆಯಿರಿ. ‘ಕನ್ಸಲ್ಟೆಂಟ್’ ಎಂದಿದ್ದರೆ ಸಾಮಾನ್ಯವಾಗಿ ಶೇ 10ರಷ್ಟು ಟಿಡಿಎಸ್ (ಕೈಗೆ ಬರುವ ಮೊದಲೇ ಹಿಡಿಯುವ ಆದಾಯ ತೆರಿಗೆ) ಕಡಿತವಾಗುತ್ತದೆ, ಪಿಎಫ್ ಇರುವುದಿಲ್ಲ. ಬಾಂಡ್ ಎಷ್ಟು ವರ್ಷ, ಬಿಟ್ಟರೆ ಎಷ್ಟು ದುಡ್ಡು ಕಟ್ಟಬೇಕು, ನೋಟಿಸ್ ಅವಧಿ ಎಷ್ಟು ಎಂದು ನೋಡಿ. ಅಸಲಿ ಅಂಕಪಟ್ಟಿ ಯಾರ ಕೈಗೂ ಕೊಡಬೇಡಿ. ಬೆಳಗಿನ ಆರರ ಬುಲೆಟಿನ್‌ಗೆ ನಾಲ್ಕಕ್ಕೇ ಮೇಕಪ್‌ಗೆ ಕೂರಬೇಕು. ಆ ಹೊತ್ತಿಗೆ ಕ್ಯಾಬ್ ಕಳಿಸುತ್ತಾರೆಯೇ ಎಂದು ಇಮೇಲ್‌ನಲ್ಲಿ ಕೇಳಿ, ಉತ್ತರವೂ ಇಮೇಲ್‌ನಲ್ಲೇ ಬರಲಿ. ಎಲ್ಲಕ್ಕಿಂತ ಮುಖ್ಯವಾಗಿ, ಹುದ್ದೆಯ ಹೆಸರು ‘ನಿರೂಪಕಿ’ ಎಂದಷ್ಟೇ ಇದ್ದರೆ ‘ನಿರೂಪಕಿ ಮತ್ತು ಕಾಪಿ ಎಡಿಟರ್’ ಎಂದು ಮಾಡಿಸಿಕೊಳ್ಳಿ. ಮ್ಯಾನೇಜ್‌ಮೆಂಟ್ ಬದಲಾದಾಗ ಮೊದಲು ಬದಲಾಗುವುದು ಪರದೆಯ ಮುಖ. ಬರೆಯಲು, ರನ್‌ಡೌನ್ (ಬುಲೆಟಿನ್‌ನ ಸುದ್ದಿಗಳ ಕ್ರಮಪಟ್ಟಿ) ಮಾಡಲು ಬರುವವರಿಗೆ ಆಗಲೂ ಡೆಸ್ಕ್‌ನಲ್ಲಿ ಕುರ್ಚಿ ಇರುತ್ತದೆ. ಚಾನೆಲ್‌ನವರು ಇದಕ್ಕೆ ಒಪ್ಪಿದರೆ ಹೋಗಿ ಎಂಬುದು ನನ್ನ ಸಲಹೆ. ಒಪ್ಪದಿದ್ದರೆ ಇನ್ನೊಂದು ಕರೆಗೆ ಕಾಯುವುದರಲ್ಲಿ ನಷ್ಟವಿಲ್ಲ.

ಹುಡುಗನಿಗೆ ಒಂದೇ ಪ್ರಶ್ನೆ ಕೇಳಿ: ಬೇಡವೆನ್ನುವುದು ರಾತ್ರಿ ಪಾಳಿಯನ್ನೋ, ನಾಲ್ಕು ಜನ ನಿಮ್ಮ ಮುಖ ನೋಡುವುದನ್ನೋ? ಪಾಳಿಯಾದರೆ ಕೂತು ಮಾತಾಡಬಹುದು. ಮುಖವೇ ಆದರೆ ಮಡಿಕೇರಿಯ ಕೆಲಸವನ್ನೂ ನಾಳೆ ಬಿಡಿ ಎನ್ನುತ್ತಾರೆ. ಅದು ಮದುವೆಗೆ ಮೊದಲೇ ತಿಳಿಯಲಿ. ಅಪ್ಪನ ಮೌನವನ್ನು ‘ಬೇಡ’ ಎಂದು ಓದಿಕೊಳ್ಳಬೇಡಿ. ಕಾಫಿ ಕೊಯ್ಲಿನ ಹೊತ್ತಿಗೆ ತೋಟದಲ್ಲಿ ಯಾರು ನಿಲ್ಲುತ್ತಾರೆ ಎಂಬ ಚಿಂತೆಯೂ ಇರಬಹುದು, ಕೇಳಿದರೆ ಹೇಳುತ್ತಾರೆ.

ಕೇಬಲ್ ಚಾನೆಲ್‌ಗೆ ರಾಜೀನಾಮೆ ಕೊಡುವ ಮುನ್ನ, ಅವರ ಒಪ್ಪಿಗೆ ಪಡೆದು ನಿಮ್ಮ ಒಳ್ಳೆಯ ಹತ್ತು ಬುಲೆಟಿನ್‌ಗಳನ್ನು ಪೆನ್‌ಡ್ರೈವ್‌ಗೆ ಹಾಕಿಕೊಳ್ಳಿ. ಸಣ್ಣ ಸ್ಟುಡಿಯೋಗಳಲ್ಲಿ ಹಾರ್ಡ್‌ಡಿಸ್ಕ್ ತುಂಬಿದಾಗ ಮೊದಲು ಅಳಿಸುವುದು ಹಳೆಯ ಸುದ್ದಿಯನ್ನೇ.